ಮೊದಲ ಸುದ್ದಿ ಯಾರು ಬರೀತಾರೆ?

ಪೊಲೀಸರ ವಿರುದ್ಧ ಜನ ಬೀದಿಗಿಳಿದರೆ ಪತ್ರಿಕೆಯ ಮೊದಲ ಸಾಲಲ್ಲಿ 'ಗಲಭೆ' ಇರುತ್ತೆ, ಯಾಕೆ ಇಳಿದರು ಅನ್ನೋದು ಕೊನೆಯ ಪ್ಯಾರಾಕ್ಕೆ ಹೋಗುತ್ತೆ. ಅಮೆರಿಕದ ಕಪ್ಪು ಜನರ ಚರಿತ್ರೆ ಓದುವಾಗಲೆಲ್ಲ ನನಗೆ ಕಾಣೋದು ಇದೇ.

1965ರ ಆಗಸ್ಟ್‌ನಲ್ಲಿ ಲಾಸ್ ಏಂಜಲೀಸ್‌ನ ವಾಟ್ಸ್ ಬಡಾವಣೆ ಹೊತ್ತಿ ಉರಿಯಿತು. ಶುರುವಾಗಿದ್ದು ಒಬ್ಬ ಕಪ್ಪು ಯುವಕನ ಬಂಧನದಿಂದ. 34 ಜನ ಸತ್ತರು. ಬೀದಿಗಿಳಿದವರನ್ನು ನಗರದ ಪೊಲೀಸ್ ಮುಖ್ಯಸ್ಥ ವಿಲಿಯಂ ಪಾರ್ಕರ್ ಮೃಗಾಲಯದ ಕೋತಿಗಳಿಗೆ ಹೋಲಿಸಿದ. 'ಲಾಸ್ ಏಂಜಲೀಸ್ ಟೈಮ್ಸ್'ನಲ್ಲಿ ಆಗ ಒಬ್ಬ ಕಪ್ಪು ವರದಿಗಾರನೂ ಇರಲಿಲ್ಲ. ಕೊನೆಗೆ ಜಾಹೀರಾತು ವಿಭಾಗದ ರಾಬರ್ಟ್ ರಿಚರ್ಡ್‌ಸನ್ ಎಂಬ ಕಪ್ಪು ಹುಡುಗ ಒಳಗೆ ಹೋಗಿ ಫೋನಿನಲ್ಲಿ ಸುದ್ದಿ ಕೊಟ್ಟ. ಮರುವರ್ಷ ವಾಟ್ಸ್ ವರದಿಗಳಿಗಾಗಿ ಪತ್ರಿಕೆಗೆ ಪುಲಿಟ್ಜರ್ ಬಂತು. ಬೆಂಕಿ ಬೀಳೋ ತನಕ ಅವರಿಗೆ ನಮ್ಮಂಥವರು ಬೇಕಿರಲಿಲ್ಲ, ನೋಡಿ.

1967ರಲ್ಲಿ ಡೆಟ್ರಾಯಿಟ್. ಪೊಲೀಸ್ ದಾಳಿಯೊಂದರಿಂದ ಶುರುವಾಗಿ 43 ಜನ ಸತ್ತರು, ಅವರಲ್ಲಿ 33 ಮಂದಿ ಕಪ್ಪು ಜನ. ಆಸ್ತಿ ನಷ್ಟ 20ರಿಂದ 50 ಕೋಟಿ ಡಾಲರ್ ಅಂತ ಪತ್ರಿಕೆಗಳು ಬರೆದವು. ಆಮೇಲೆ ಲೆಕ್ಕ ಹಾಕಿದರೆ ಹೆಚ್ಚೆಂದರೆ 4.5 ಕೋಟಿ! ಇದನ್ನು ದಾಖಲಿಸಿದ್ದು ಅಧ್ಯಕ್ಷ ಜಾನ್ಸನ್ ನೇಮಿಸಿದ ಕರ್ನರ್ ಆಯೋಗ. 1968ರ ಅದರ ವರದಿಯಲ್ಲಿ ಮಾಧ್ಯಮಕ್ಕೇ ಒಂದು ಅಧ್ಯಾಯ ಇದೆ. ಸುದ್ದಿಮನೆಗಳ ಸಂಪಾದಕೀಯ ಕೆಲಸದಲ್ಲಿ ಕಪ್ಪು ಜನ ಶೇ. 5ಕ್ಕಿಂತ ಕಡಿಮೆ, ಸಂಪಾದಕರ ಮಟ್ಟದಲ್ಲಿ ಶೇ. 1 ಕೂಡ ಇಲ್ಲ ಅಂತ ಅದು ಹೇಳಿತು.

2020ರ ಮೇ 25. ಮಿನಿಯಾಪೊಲಿಸ್‌ನಲ್ಲಿ ಜಾರ್ಜ್ ಫ್ಲಾಯ್ಡ್ ಸತ್ತಾಗ ಪೊಲೀಸರ ಮೊದಲ ಪ್ರಕಟಣೆ ಅದನ್ನು ವೈದ್ಯಕೀಯ ತೊಂದರೆಯ ಸಾವು ಎಂಬಂತೆ ಹೇಳಿತು. ಕುತ್ತಿಗೆ ಮೇಲಿದ್ದ ಮಂಡಿಯ ಸುದ್ದಿಯೇ ಅದರಲ್ಲಿರಲಿಲ್ಲ. ಆ ಸುಳ್ಳನ್ನು ಮುರಿದದ್ದು 17 ವರ್ಷದ ಡಾರ್ನೆಲ್ಲಾ ಫ್ರೇಜಿಯರ್ ಫೋನಿನಲ್ಲಿ ಹಿಡಿದ ವಿಡಿಯೋ. ಪ್ರತಿಭಟನೆ ಹಬ್ಬಿದಾಗ 'ಫಿಲಡೆಲ್ಫಿಯಾ ಇನ್‌ಕ್ವೈರರ್' ಕಟ್ಟಡಗಳಿಗೂ ಬೆಲೆಯಿದೆ ಅಂತ ತಲೆಬರಹ ಕೊಟ್ಟಿತು! ಅಲ್ಲಿನ ಕಪ್ಪು, ಕಂದು ಪತ್ರಕರ್ತರು ಸುಮ್ಮನಿರಲಿಲ್ಲ. ಪತ್ರಿಕೆ ಕ್ಷಮೆ ಕೇಳಿತು, ಹಿರಿಯ ಸಂಪಾದಕ ಹುದ್ದೆ ಬಿಟ್ಟ. ಒಳಗೆ ನಮ್ಮವರಿದ್ದರೆ ಆಗೋ ವ್ಯತ್ಯಾಸ ಇದು.

1827ರಲ್ಲಿ ನ್ಯೂಯಾರ್ಕ್‌ನ ಕಪ್ಪು ಜನ 'ಫ್ರೀಡಮ್ಸ್ ಜರ್ನಲ್' ಶುರು ಮಾಡಿದ್ದು, 1920ರಲ್ಲಿ ಬಾಬಾಸಾಹೇಬರು 'ಮೂಕನಾಯಕ' ತಂದದ್ದು ಸುಮ್ಮನೆ ಅಲ್ಲ.

ಗೆಳೆಯರೇ, ಠಾಣೆಯ ಪ್ರಕಟಣೆ ಒಂದು ಕಡೆಯವರ ಹೇಳಿಕೆ ಅಷ್ಟೇ. ಅದನ್ನೇ ಸುದ್ದಿ ಅಂತ ಅಚ್ಚು ಹಾಕುವವರಿಗೆ ಒಂದೇ ಪ್ರಶ್ನೆ ಕೇಳೋಣ: ನಿಮ್ಮ ಡೆಸ್ಕಿನಲ್ಲಿ ನಮ್ಮ ಕೇರಿಯವರು ಎಷ್ಟು ಜನ ಇದ್ದಾರೆ?

ಜೈ ಭೀಮ್.