ಕೋಟೆ ಪಕ್ಕದ ಆಸ್ಪತ್ರೆಗಳು

ಬೆಂಗಳೂರಿನ ಕೆ.ಆರ್. ಮಾರ್ಕೆಟ್ಟಿನಲ್ಲಿ ಬಸ್ಸಿಳಿದು ದೊಡ್ಡಾಸ್ಪತ್ರೆ ಎಲ್ಲಿ ಎಂದು ಕೇಳಿದರೆ, ‘ಏನಾಗಿದೆ?’ ಎಂದು ಮರುಪ್ರಶ್ನೆ ಬರುತ್ತದೆ. ಹೆರಿಗೆಗೆ, ಮಕ್ಕಳಿಗೆ ವಾಣಿ ವಿಲಾಸ, ಕಣ್ಣಿಗೆ ಮಿಂಟೋ, ಮಿಕ್ಕ ಬಹುಪಾಲಿಗೆ ವಿಕ್ಟೋರಿಯಾ. ಮೂರೂ ನಮ್ಮ ಬೆಂಗಳೂರು ವೈದ್ಯಕೀಯ ಕಾಲೇಜಿನ ಬೋಧನಾ ಆಸ್ಪತ್ರೆಗಳೇ. ಆಸ್ಪತ್ರೆಗಳು ಮೊದಲು ಬಂದು ಕಾಲೇಜು ಆಮೇಲೆ ಹುಟ್ಟಿದ್ದರಿಂದಲೇ ವಿಭಾಗಗಳು ಹೀಗೆ ಹರಡಿಕೊಂಡಿವೆ.

ಮೈಸೂರಿನ ಮಹಾರಾಜ ಹತ್ತನೆಯ ಚಾಮರಾಜ ಒಡೆಯರು 1894ರ ಡಿಸೆಂಬರಿನಲ್ಲಿ ಕಲ್ಕತ್ತೆಯಲ್ಲಿ ಗಂಟಲಮಾರಿಗೆ ತುತ್ತಾದರು. ರೀಜೆಂಟರಾಗಿ ರಾಜ್ಯದ ಹೊಣೆ ಹೊತ್ತ ಅವರ ಪತ್ನಿ, ಮಹಾರಾಣಿ ಕೆಂಪನಂಜಮ್ಮಣ್ಣಿ ವಾಣಿ ವಿಲಾಸ ಸನ್ನಿಧಾನ ಅವರು 1897ರ ಜೂನ್ 22ರಂದು ವಿಕ್ಟೋರಿಯಾ ಆಸ್ಪತ್ರೆಗೆ ಅಡಿಗಲ್ಲು ಹಾಕಿದರು. ಮರುವರ್ಷವೇ ನಗರಕ್ಕೆ ಪ್ಲೇಗು ಬಂತು. ಅದರ ನಡುವೆಯೇ ಕಟ್ಟಡ ಮೇಲೆದ್ದು, 1900ರ ಡಿಸೆಂಬರ್ 8ರಂದು ವೈಸರಾಯ್ ಲಾರ್ಡ್ ಕರ್ಜನ್ ಅವರಿಂದ ಉದ್ಘಾಟನೆಯಾಯಿತು. ಆಗ ಇದ್ದದ್ದು 140 ಹಾಸಿಗೆ. ಸಾಂಕ್ರಾಮಿಕ ರೋಗಕ್ಕೆ ಪತಿಯನ್ನು ಕಳೆದುಕೊಂಡ ರಾಣಿ ಆಸ್ಪತ್ರೆ ಕಟ್ಟಿಸಿದ್ದನ್ನು ಬರಿಯ ರಾಜಕಾರ್ಯವೆಂದು ಎಣಿಸಲು ನನಗೆ ಮನಸ್ಸು ಬಾರದು. 1935ರಲ್ಲಿ ತೆರೆದ ಹೆಂಗಸರ ಮತ್ತು ಮಕ್ಕಳ ಆಸ್ಪತ್ರೆಗೆ ಅವರ ಹೆಸರೇ ಬಂತು. ಮಿಂಟೋ ಕಟ್ಟಡ 1913ರದ್ದು.

1924ರಲ್ಲಿ ಬೆಂಗಳೂರಿನಲ್ಲೇ ಶುರುವಾದ ಮೈಸೂರು ವೈದ್ಯಕೀಯ ಕಾಲೇಜು 1930ರಲ್ಲಿ ಮೈಸೂರಿಗೆ ಹೋಗಿತ್ತು. ನಮ್ಮ ಕಾಲೇಜು ಬಂದದ್ದು 1955ರಲ್ಲಿ. ಅಂದಿನಿಂದ ವಾರ್ಡುಗಳೇ ತರಗತಿಗಳಾದವು.

ಬೋಧನಾ ಆಸ್ಪತ್ರೆಯ ಜೀವಾಳ ಯೂನಿಟ್. ಮೆಡಿಸಿನ್, ಸರ್ಜರಿಯಂಥ ದೊಡ್ಡ ವಿಭಾಗದಲ್ಲಿ ಹಲವು ಯೂನಿಟ್‌ಗಳು, ಒಂದೊಂದಕ್ಕೂ ಒಬ್ಬ ಮುಖ್ಯಸ್ಥರು, ಕೈಕೆಳಗೆ ಸಹಾಯಕ ಪ್ರಾಧ್ಯಾಪಕರು, ಸ್ನಾತಕೋತ್ತರ ವಿದ್ಯಾರ್ಥಿಗಳು, ಹೌಸ್ ಸರ್ಜನ್‌ಗಳು. ಒಂದೊಂದಕ್ಕೂ ಹೊರರೋಗಿಗಳನ್ನು ನೋಡುವ ಗೊತ್ತಾದ ಓಪಿಡಿ ದಿನ. ಹಳ್ಳಿಯಿಂದ ಬಂದವರು ಚೀಟಿಯನ್ನು ಪ್ಲಾಸ್ಟಿಕ್ ಕವರಿನಲ್ಲಿ ಮಡಿಸಿಟ್ಟುಕೊಂಡು, ತಮ್ಮ ಯೂನಿಟ್ಟಿನ ವಾರವನ್ನು ನೆನಪಿಟ್ಟುಕೊಂಡೇ ಬರುತ್ತಾರೆ. ರೌಂಡ್ಸಿನಲ್ಲಿ ಹೌಸ್ ಸರ್ಜನ್ ತಡವರಿಸಿದರೆ, ಮಂಚದ ಮೇಲಿನ ಅಜ್ಜಿಯೇ ‘ಜ್ವರ ಮೊನ್ನೆ ಬಿಟ್ಟಿತಪ್ಪಾ’ ಎಂದು ಹೇಳಿಕೊಡುವುದುಂಟು. ನಮಗೆ ಪಾಠ ಹೇಳಿದವರಲ್ಲಿ ಇಂಥವರೂ ಸೇರಿದ್ದಾರೆ. ಅವರ ಹೆಸರು ಕಾಲೇಜಿನ ಯಾವ ಸ್ಮರಣ ಸಂಚಿಕೆಯಲ್ಲೂ ಬರುವುದಿಲ್ಲ.

ದೀಪಾವಳಿ ಬಂತೆಂದರೆ ಆವರಣದ ಸ್ವರೂಪವೇ ಬೇರೆ. ಪಟಾಕಿ ಸಿಡಿದು ಕಣ್ಣಿಗೆ ಪೆಟ್ಟಾದವರು ಮಿಂಟೋಗೆ, ಮೈ ಸುಟ್ಟವರು ವಿಕ್ಟೋರಿಯಾದ ಸುಟ್ಟಗಾಯಗಳ ವಾರ್ಡಿಗೆ. ಎರಡೂ ಕಡೆ ಹಾಸಿಗೆಗಳು ಮೊದಲೇ ಸಜ್ಜಾಗಿರುತ್ತವೆ, ಡ್ಯೂಟಿ ಪಟ್ಟಿ ಮೊದಲೇ ಹಾಕಿರುತ್ತಾರೆ. ಹಬ್ಬವನ್ನು ಮನೆಯಲ್ಲಿ ಮಾಡದ ಡಾಕ್ಟರು, ಸಿಸ್ಟರುಗಳು ಇಲ್ಲಿ ತಲೆಮಾರುಗಟ್ಟಲೆ ಇದ್ದಾರೆ. 2020ರಲ್ಲಿ ಕೋವಿಡ್ ಬಂದಾಗ ವಿಕ್ಟೋರಿಯಾವನ್ನೇ ಅದಕ್ಕೆ ಮೀಸಲಿಡಲಾಯಿತು. 2022ರಲ್ಲಿ ವಾಣಿ ವಿಲಾಸದಲ್ಲಿ ತಾಯಂದಿರ ಎದೆಹಾಲಿನ ಬ್ಯಾಂಕ್ ಶುರುವಾಯಿತು. ಅವಧಿಗೆ ಮುನ್ನ ಹುಟ್ಟಿದ ಕೂಸುಗಳಿಗೆ ಅದೇ ಆಧಾರ.

ಇಷ್ಟೆಲ್ಲ ಸೇವೆ ಒಂದೇ ಆವರಣದ ಆಸುಪಾಸಿನಲ್ಲಿದ್ದರೂ ಹೊಸಬರಿಗೆ ದಾರಿ ತಿಳಿಯದು. ರಕ್ತಪರೀಕ್ಷೆಗೆ ಒಂದು ಕಡೆ, ಸ್ಕ್ಯಾನಿಂಗಿಗೆ ಇನ್ನೊಂದು ಕಡೆ ಅಲೆದು ಅರ್ಧ ದಿನ ಕಳೆಯುವವರು ಕೂಲಿ ಬಿಟ್ಟು ಬಂದವರು. ಹಳೆಯ ವಿದ್ಯಾರ್ಥಿಗಳಲ್ಲಿ ನನ್ನ ಕೋರಿಕೆ ಇಷ್ಟೆ: ಕಾಲೇಜಿನ ಸಂಭ್ರಮಾಚರಣೆಗೆಂದು ಕೂಡಿಸಿದ ಹಣದಲ್ಲಿ ಒಂದು ಪಾಲನ್ನು ಗೇಟಿನ ಬಳಿ ದೊಡ್ಡ ಅಕ್ಷರದ ಕನ್ನಡ ಫಲಕಗಳಿಗೆ, ಗಾಲಿಕುರ್ಚಿಗಳಿಗೆ, ದಾರಿ ತೋರಿಸುವ ಇಬ್ಬರ ಸಂಬಳಕ್ಕೆ ಎತ್ತಿಡೋಣ.