ಮೂರನೆಯ ದರ್ಜೆಯವರ ನಿದ್ದೆ

ರಾತ್ರಿ ರೈಲಿನಲ್ಲಿ ಹುಬ್ಬಳ್ಳಿಗೋ ಬೀದರಿಗೋ ಹೊರಟ ತಾವು, ಊಟದ ಬುತ್ತಿ ಮುಗಿಸಿ, ಬರ್ತಿನ ಮೇಲೆ ಹೊದಿಕೆ ಹಾಸಿ ಮಲಗಿಬಿಡುತ್ತೀರಿ. ಕಣ್ಣು ಬಿಡುವಷ್ಟರಲ್ಲಿ ಊರು ಸಮೀಪಿಸಿರುತ್ತದೆ. ಈ ನಿದ್ದೆಗೂ ಒಂದು ಇತಿಹಾಸವಿದೆ ಎಂದರೆ ತಮಗೆ ಅಚ್ಚರಿಯೆನಿಸೀತು.

ನಮ್ಮ ದೇಶದ ಮೊದಲ ಪ್ರಯಾಣಿಕರ ರೈಲು 1853ರ ಏಪ್ರಿಲ್ 16ರಂದು ಮುಂಬಯಿಯಿಂದ ಠಾಣೆಗೆ ಓಡಿತು. ದೂರ ಸುಮಾರು 34 ಕಿಲೋಮೀಟರ್. ಅಲ್ಲಿ ನಿದ್ದೆಯ ಪ್ರಶ್ನೆಯೇ ಇರಲಿಲ್ಲ. ಹಳಿಗಳು ಉದ್ದವಾದಂತೆ ಆ ಪ್ರಶ್ನೆ ಎದ್ದಿತು. 1871ರಲ್ಲಿ ಮುಂಬಯಿ ಕಡೆಯ ಹಳಿಯೂ ಮದರಾಸು ಕಡೆಯ ಹಳಿಯೂ ನಮ್ಮ ರಾಯಚೂರಿನಲ್ಲಿ ಕೂಡಿದವು. ಈಗ ರೈಲಿನಲ್ಲೇ ರಾತ್ರಿಗಳನ್ನು ಕಳೆಯಬೇಕಾಯಿತು. ಮೇಲಿನ ದರ್ಜೆಯವರಿಗೆ ಮೆತ್ತೆಯ ಆಸನಗಳಿದ್ದವು. ಮೂರನೆಯ ದರ್ಜೆಯವರಿಗೆ ಮರದ ಬೆಂಚೇ ಗತಿ.

ಇದೇ ಮಾರ್ಗದಲ್ಲಿ 1917ರ ಸೆಪ್ಟೆಂಬರಿನಲ್ಲಿ ಗಾಂಧೀಜಿಯವರು ಮುಂಬಯಿಯಿಂದ ಮದರಾಸಿಗೆ ಮೂರನೆಯ ದರ್ಜೆಯಲ್ಲಿ ಹೋದರು. ಮೇಲ್ ಗಾಡಿಯಲ್ಲಿ ಎರಡು ರಾತ್ರಿಯ ಪ್ರಯಾಣ. ಬೋಗಿಯ ಆ ಭಾಗದಲ್ಲಿ 22 ಜನರಿಗೆ ಕೂರಲು ಮಾತ್ರ ಜಾಗ, ಮಲಗಲು ಅನುಕೂಲವಿಲ್ಲ. ಹೆಚ್ಚಿನವರು ಕುಳಿತಲ್ಲೇ ತೂಕಡಿಸಿದರು. ರಾಯಚೂರು ದಾಟಿದ ಮೇಲಂತೂ ನೂಕುನುಗ್ಗಲು ತಡೆಯಲಾಗದಂತಾಯಿತು. ಇದನ್ನೆಲ್ಲ ಅವರು ಪತ್ರಿಕೆಗಳಿಗೆ ಬರೆದರು. ಮೊದಲ ದರ್ಜೆಯ ದರ ಮೂರನೆಯದರ ಐದು ಪಟ್ಟಿಗಿಂತ ತುಸು ಹೆಚ್ಚು. ಹಾಗಾದರೆ ಬಡ ಪ್ರಯಾಣಿಕನಿಗೆ ಐದನೆಯ ಒಂದು ಪಾಲಿನ ಸೌಕರ್ಯವಾದರೂ ಸಿಗುತ್ತಿದೆಯೇ ಎಂಬುದು ಅವರ ನೇರ ಪ್ರಶ್ನೆಯಾಗಿತ್ತು.

ಸ್ವಾತಂತ್ರ್ಯಾನಂತರ ಮಲಗುವ ಬೋಗಿಗಳು ಸಾಮಾನ್ಯರಿಗೂ ದೊರೆತವು. 1974ರಲ್ಲಿ ಮೂರನೆಯ ದರ್ಜೆಯನ್ನು ರದ್ದುಪಡಿಸಿ ಅದನ್ನು ಎರಡನೆಯದೆಂದು ಕರೆಯಲಾಯಿತು. ಹೆಸರು ಹೋಯಿತು, ಹಲಗೆ ಉಳಿಯಿತು! ಆ ಹಲಗೆಯ ಮೇಲೆ ಮೆತ್ತೆ ಬಂದದ್ದು 1977ರಲ್ಲಿ ರೈಲ್ವೆ ಸಚಿವರಾದ ಮಧು ದಂಡವತೆಯವರ ಕಾಲದಲ್ಲಿ. ಎರಡನೆಯ ದರ್ಜೆಯ ಬರ್ತುಗಳಿಗೆ ಎರಡಂಗುಲದ ಫೋಮ್ ಹಾಕಿಸಲು ಅವರು ಮುಂದಾದರು. ಅದೇ ವರ್ಷದ ಡಿಸೆಂಬರಿನಲ್ಲಿ ಮುಂಬಯಿ-ಹೌರಾ ನಡುವೆ ಹೊರಟ ಗೀತಾಂಜಲಿ ಎಕ್ಸ್‌ಪ್ರೆಸ್‌ನಲ್ಲಿ ಮೊದಲ ದರ್ಜೆಯೇ ಇರಲಿಲ್ಲ. ಎರಡಂಗುಲವೆಂದರೆ ಅಲ್ಪವೆನಿಸಬಹುದು. ಆದರೆ ಬಡವನ ಬೆನ್ನಿಗೂ ಮೆತ್ತೆ ಬೇಕೆಂದು ಸರ್ಕಾರ ಒಪ್ಪಿಕೊಂಡದ್ದು ಅಲ್ಪವಲ್ಲ.

ಇಂದು ನಿದ್ದೆಗೆ ನಿಯಮವೂ ಉಂಟು. 2017ರಿಂದ ರಾತ್ರಿ 10ರಿಂದ ಬೆಳಗಿನ 6ರವರೆಗೆ ಮಲಗುವ ಹೊತ್ತು. ಉಳಿದ ವೇಳೆಯಲ್ಲಿ ಕೆಳಗಿನ ಬರ್ತಿನವರು ಇತರರಿಗೆ ಕೂರಲು ಜಾಗ ಬಿಡಬೇಕು.

ಆದರೆ ತಾವು ನಿಲ್ದಾಣದಲ್ಲಿ ಇಳಿದಾಗ ಒಮ್ಮೆ ರೈಲಿನ ತುದಿಯ ಸಾಮಾನ್ಯ ಬೋಗಿಯತ್ತ ಕಣ್ಣು ಹಾಯಿಸಿ. ಕಾಯ್ದಿರಿಸದೆ ಬಂದವರು, ದೂರದ ಊರಿಗೆ ದುಡಿಯಲು ಹೊರಟವರು, ಸಾಮಾನಿನ ಹಲಗೆಯ ಮೇಲೂ ಬೆಂಚುಗಳ ನಡುವೆ ಹಾಸಿದ ಪತ್ರಿಕೆಯ ಮೇಲೂ ಮುದುಡಿಕೊಂಡಿರುತ್ತಾರೆ. 1917ರ ಆ ಪ್ರಶ್ನೆಗೆ ಉತ್ತರ ಇನ್ನೂ ಅರ್ಧವೇ ದೊರೆತಿದೆ ಎಂಬುದು ಆಗ ತಮಗೇ ಮನವರಿಕೆಯಾಗುತ್ತದೆ.