ವಿಡಿಯೊ ಕ್ಯಾಸೆಟ್‌ಗಳಲ್ಲಿ ಅನಿಮೇಷನ್ ಚಿತ್ರಗಳು: ಸಂಗ್ರಹದ ಚಾರಿತ್ರಿಕ ಮಹತ್ವ

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ ಹಾಗೂ ಹರಪನಹಳ್ಳಿ ತಾಲ್ಲೂಕುಗಳು 2021ರಲ್ಲಿ ರಚನೆಯಾದ ವಿಜಯನಗರ ಜಿಲ್ಲೆಗೆ ಸೇರಿವೆ. ಹಳೆಯ ಬಳ್ಳಾರಿ ಸೀಮೆಯ ಜನರಿಗೆ ಚಲಿಸುವ ಚಿತ್ರದ ಕಲ್ಪನೆ ಹೊಸದಲ್ಲ. ಕಿಳ್ಳೇಕ್ಯಾತರು ತೊಗಲುಗೊಂಬೆಗಳನ್ನು ಪರದೆಯ ಹಿಂದೆ ಆಡಿಸಿ ರಾಮಾಯಣ, ಮಹಾಭಾರತದ ಕಥೆಗಳನ್ನು ತೋರಿಸುತ್ತಿದ್ದರು. ಆಟ ಇಳಿಮುಖವಾದಂತೆ ಗೊಂಬೆಗಳು ಚದುರತೊಡಗಿದವು. ಎಂ.ಎಸ್. ನಂಜುಂಡರಾವ್ ಅವರು ಕರ್ನಾಟಕ ಚಿತ್ರಕಲಾ ಪರಿಷತ್ತಿಗಾಗಿ ಅವನ್ನು ಸಂಗ್ರಹಿಸಿದ್ದರಿಂದ ಮುಂದಿನ ಅಧ್ಯಯನಗಳಿಗೆ ಆಧಾರ ಒದಗಿತು. ಬಳಕೆಯಿಂದ ಮರೆಯಾದ ವಿಡಿಯೊ ಕ್ಯಾಸೆಟ್ಟುಗಳ ವಿಷಯದಲ್ಲಿಯೂ ಇಂದು ಅದೇ ಪ್ರಶ್ನೆ ಎದುರಾಗಿದೆ.

ಜಪಾನಿನ ಜೆವಿಸಿ ಸಂಸ್ಥೆ 1976ರಲ್ಲಿ ವಿಎಚ್‌ಎಸ್ ಮಾದರಿಯನ್ನು ಮಾರುಕಟ್ಟೆಗೆ ತಂದಿತು. 1982ರ ದೆಹಲಿ ಏಷ್ಯನ್ ಕ್ರೀಡಾಕೂಟದ ಕಾಲಕ್ಕೆ ಭಾರತದಲ್ಲಿ ಬಣ್ಣದ ದೂರದರ್ಶನ ಬಂದಿತು. ಆ ದಶಕದಲ್ಲಿಯೇ ವಿಸಿಆರ್ ಮತ್ತು ಬಾಡಿಗೆ ಕ್ಯಾಸೆಟ್ಟುಗಳು ಸಣ್ಣ ಊರುಗಳನ್ನೂ ತಲುಪಿದವು. ಅನಂತರ ವಿಸಿಡಿ, ಡಿವಿಡಿಗಳು ಅವುಗಳ ಸ್ಥಾನವನ್ನು ಆಕ್ರಮಿಸಿದವು. 2016ರಲ್ಲಿ ಜಪಾನಿನ ಫುನಾಯ್ ಕಂಪನಿ ವಿಸಿಆರ್ ತಯಾರಿಕೆಯನ್ನು ನಿಲ್ಲಿಸುವುದರೊಂದಿಗೆ ಈ ಯುಗ ಮುಗಿಯಿತು.

ಮಾರುಕಟ್ಟೆಯ ಅವಸಾನಕಾಲದ ಕ್ಯಾಸೆಟ್ಟುಗಳು ಸಂಗ್ರಾಹಕರಿಗೆ ವಿಶೇಷವಾದವು. 2006ರ ‘ಕಾರ್ಸ್’ ಚಿತ್ರದ ಕ್ಯಾಸೆಟ್ಟನ್ನು ಡಿಸ್ನಿ ಸಂಸ್ಥೆ ತನ್ನ ಚಿತ್ರಸಂಘದ ಸದಸ್ಯರಿಗೆ ಮಾತ್ರ ಮಾರಿದ್ದರಿಂದ ಅದು ವಿರಳವಾಯಿತು. ನಟರ ಅಭಿನಯದೊಂದಿಗೆ ಅನಿಮೇಷನ್ ಬೆರೆತ 1946ರ ‘ಸಾಂಗ್ ಆಫ್ ದ ಸೌತ್’ ಚಿತ್ರದ ಕ್ಯಾಸೆಟ್ಟು ಬ್ರಿಟನ್ನಿನಲ್ಲಿ ದೊರೆಯುತ್ತಿತ್ತು. ಕಪ್ಪು ಜನರ ಚಿತ್ರಣದ ಬಗೆಗಿನ ಆಕ್ಷೇಪಗಳ ನಡುವೆ ಅಮೆರಿಕದಲ್ಲಿ ಅದು ಬಿಡುಗಡೆಯಾಗಲೇ ಇಲ್ಲ. ಬೆಲೆಗಿಂತ ಮಿಗಿಲಾಗಿ, ಯಾವ ಚಿತ್ರವನ್ನು ಯಾರಿಗೆ ತೋರಿಸಬೇಕೆಂಬ ನಿರ್ಧಾರಗಳಿಗೆ ಇವು ಸಾಕ್ಷಿಗಳಾಗಿವೆ.

ಕಿಷ್ಕಿಂಧೆಯ ಐತಿಹ್ಯವುಳ್ಳ ಈ ಸೀಮೆಗೆ ಹತ್ತಿರದ ನಿದರ್ಶನವೆಂದರೆ ಯೂಗೊ ಸಾಕೊ ಮತ್ತು ರಾಮ್ ಮೋಹನ್ ಅವರ ಸಹಯೋಗದಲ್ಲಿ ರೂಪುಗೊಂಡ 1992ರ ಇಂಡೋ-ಜಪಾನಿ ರಾಮಾಯಣ ಚಿತ್ರ. ಅದರ ಇಂಗ್ಲಿಷ್ ಪಾಠವು ಅಮೆರಿಕದಲ್ಲಿ ಬೇರೆ ಹೆಸರು, ಬೇರೆ ನಿರೂಪಣೆಗಳನ್ನು ಪಡೆಯಿತು. 2025ರ ಜನವರಿಯಲ್ಲಿ ಚಿತ್ರವು ಭಾರತದ ಚಿತ್ರಮಂದಿರಗಳಲ್ಲಿ ಸಂಸ್ಕರಿತ ರೂಪದಲ್ಲಿ ತೆರೆಕಂಡಾಗ ಹಿಂದಿಯ ಧ್ವನಿಗಳು ಹೊಸದಾಗಿದ್ದವು. ಚಿತ್ರ ಸ್ಪಷ್ಟವಾಯಿತು, ನಿಜ. ಆದರೆ ಹಳೆಯ ಪಾಠಗಳ ಸ್ಥಾನವನ್ನು ಹೊಸ ಪ್ರತಿ ತುಂಬಲಾರದು. ಹಸ್ತಪ್ರತಿಶಾಸ್ತ್ರದ ಪಾಠಾಂತರ ವಿವೇಕ ಇಲ್ಲಿಯೂ ಅನ್ವಯಿಸುತ್ತದೆ.

ಕಾಂತಸುರುಳಿಯ ಬಾಳಿಕೆ ಓಲೆಗರಿಗಿಂತಲೂ ಕಡಿಮೆ. ತೇವದಿಂದ ಅದರ ಅಂಟು ಸಡಿಲವಾಗುತ್ತದೆ, ಬೂಷ್ಟು ಹಿಡಿಯುತ್ತದೆ. ಓಡಿಸುವ ಯಂತ್ರವಿಲ್ಲದಿದ್ದರೆ ಸುಸ್ಥಿತಿಯ ಸುರುಳಿಯೂ ಮೂಕವೇ. ಆದುದರಿಂದ ಈ ಐದು ತಾಲ್ಲೂಕುಗಳ ಮನೆಗಳಲ್ಲಿ, ಹಳೆಯ ಸ್ಟುಡಿಯೊಗಳಲ್ಲಿ ಉಳಿದಿರಬಹುದಾದ ಕ್ಯಾಸೆಟ್ಟುಗಳನ್ನು ಹೊದಿಕೆ, ಚೀಟಿ, ಯಂತ್ರಗಳ ಸಮೇತ ಗುರುತಿಸಿ, ಡಿಜಿಟಲ್ ಪ್ರತಿ ಮಾಡಿ, ಸೂಚಿ ಸಿದ್ಧಪಡಿಸುವುದು ಅಗತ್ಯ. ಚಲಿಸುವ ಚಿತ್ರವನ್ನು ನಮ್ಮ ಊರುಗಳು ಹೇಗೆ ನೋಡಿದವು ಎಂಬ ಚರಿತ್ರೆಯ ರಚನೆಗೆ ಈ ಕೆಲಸವೇ ಮೊದಲ ಹೆಜ್ಜೆಯಾಗಬೇಕು.